ಪರಿಶೀಲನೆಗೆ: ರಾಜಾ ರವಿವರ್ಮ ಲೇಖನ (ದಯವಿಟ್ಟು ಬಿಚ್ಚುಮನಸ್ಸಿನಿಂದ ಹೇಳಿ)

ಕಲ್ಲಚ್ಚು:

ಎಲ್ಲರಿಗೂ ನಮಸ್ಕಾರ. ನಮ್ಮ ವಿಶ್ವಕೋಶದಲ್ಲಿ ರವಿವರ್ಮರ ಬಗ್ಗೆ ಇದ್ದದ್ದು ಒಂಬತ್ತೇ ಸಾಲು. ನಾಲ್ಕು ತಿಂಗಳಿಂದ ಕೂತು ಅದನ್ನು ಬೆಳೆಸಿದ್ದೇನೆ. ಬಾಲ್ಯ, ತಿರುವನಂತಪುರದ ಅರಮನೆ, ಬರೋಡಾ, ಮೈಸೂರು, ಅಚ್ಚುಕೂಟ, ಕೊನೆಯ ವರ್ಷಗಳು, ವಿಮರ್ಶೆ ಎಂದು ಏಳು ಭಾಗ ಮಾಡಿದ್ದೇನೆ, ಹದಿನಾಲ್ಕು ಚಿತ್ರ ಹಾಕಿದ್ದೇನೆ. 'ಉತ್ತಮ ಲೇಖನ' ದರ್ಜೆಗೆ ಅರ್ಜಿ ಹಾಕುವ ಮೊದಲು ನೀವೆಲ್ಲ ಒಮ್ಮೆ ಓದಿದರೆ ನನಗೆ ಧೈರ್ಯ.

ಇದಕ್ಕೆ ಕೈಹಾಕಿದ ಕಾರಣವನ್ನೂ ಹೇಳಿಬಿಡುತ್ತೇನೆ. ಅಜ್ಜಿಯ ದೇವರಮನೆಯಲ್ಲಿ ಒಂದು ಲಕ್ಷ್ಮಿಯ ಪಟ ಇತ್ತು. ಸೀರೆಯ ಅಂಚಿಗೆ ನಿಜವಾದ ಜರಿ ಅಂಟಿಸಿದ್ದರು. ಕೆಳಗೆ ಸಣ್ಣಕ್ಷರದಲ್ಲಿ ರವಿವರ್ಮ ಪ್ರೆಸ್ ಎಂದು ಇತ್ತು. ಬರೆಯುವಾಗೆಲ್ಲ ಆ ಪಟ ಕಣ್ಣಮುಂದೆ ಬರುತ್ತಿತ್ತು.

ಅಡಿಟಿಪ್ಪಣಿ:

ಕಲ್ಲಚ್ಚು ಅವರೇ, ಪೂರ್ತಿ ಎರಡು ಸಲ ಓದಿದೆ. ಮೊದಲು ಮೆಚ್ಚಿದ್ದು ಹೇಳುತ್ತೇನೆ: ಬರೋಡಾ ಭಾಗ ತುಂಬ ಚೆನ್ನಾಗಿದೆ. 1880ರಲ್ಲಿ ತಿರುವಾಂಕೂರಿನ ಆಯಿಲ್ಯಂ ತಿರುನಾಳ್ ಮಹಾರಾಜರು ತೀರಿಕೊಂಡರು, ಮುಂದೆ ಬಂದವರ ಜೊತೆ ಹೊಂದಾಣಿಕೆ ಆಗಲಿಲ್ಲ, ಹಿಂದೆ ತಿರುವಾಂಕೂರಿನ ದಿವಾನರಾಗಿದ್ದ ಟಿ. ಮಾಧವರಾವ್ ಆ ಹೊತ್ತಿಗೆ ಬರೋಡಾದಲ್ಲಿದ್ದರು, ಅವರ ಮೂಲಕ ಸಯಾಜಿರಾವ್ ಗಾಯಕವಾಡರ ಆಸ್ಥಾನದ ಬಾಗಿಲು ತೆರೆಯಿತು. ಒಬ್ಬ ಕಲಾವಿದನ ಬದುಕು ಹೀಗೆ ಒಂದು ಊರಿಂದ ಇನ್ನೊಂದು ಊರಿಗೆ ಯಾಕೆ ಹೋಯಿತು ಎನ್ನುವುದು ಓದುಗನಿಗೆ ತಿಳಿಯುತ್ತದೆ.

ಇನ್ನು ತಕರಾರು. ಪೀಠಿಕೆಯ ಮೊದಲ ಮೂರು ವಾಕ್ಯದಲ್ಲಿ 'ಅಪ್ರತಿಮ', 'ಅಜರಾಮರ', 'ಕಲಾಲೋಕದ ಧ್ರುವತಾರೆ' ಬಂದಿವೆ. ಮೂರೂ ಹೋಗಲಿ. ಹೊಗಳಿಕೆ ಬೇಡ ಎಂದಲ್ಲ, ಆ ಮಾತು ಯಾರದು ಎಂದು ಗೊತ್ತಾಗಬೇಕು. 1873ರ ವಿಯೆನ್ನಾ ಪ್ರದರ್ಶನದಲ್ಲಿ ಬಹುಮಾನ ಬಂತು, 1893ರ ಷಿಕಾಗೋ ಪ್ರದರ್ಶನಕ್ಕೆ ಹತ್ತು ಚಿತ್ರ ಹೋದವು ಎಂದು ಬರೆದರೆ ಧ್ರುವತಾರೆ ಎನ್ನುವ ಅಗತ್ಯವೇ ಬೀಳುವುದಿಲ್ಲ.

ಎರಡನೆಯದು ಇದಕ್ಕಿಂತ ಗಂಭೀರ. 'ತೈಲವರ್ಣ ಬಳಸಿದ ಮೊದಲ ಭಾರತೀಯ' ಎಂದಿದ್ದೀರಿ. ನಿಮ್ಮದೇ ಲೇಖನದ ಬಾಲ್ಯದ ಭಾಗದಲ್ಲಿ, ಅದೇ ಅರಮನೆಯಲ್ಲಿ ತೈಲವರ್ಣ ಗೊತ್ತಿದ್ದ ರಾಮಸ್ವಾಮಿ ನಾಯ್ಡು ಈ ಹುಡುಗನಿಗೆ ಕಲಿಸಲು ಒಪ್ಪಲಿಲ್ಲ ಎಂದು ಬರೆದಿದ್ದೀರಿ! ಒಪ್ಪದಿದ್ದವರಿಗೆ ಗೊತ್ತಿದ್ದ ವಿದ್ಯೆಗೆ ಇವರು ಮೊದಲಿಗರು ಆಗುವುದು ಹೇಗೆ? ಮದರಾಸಿಗೆ ಇಂಗ್ಲಿಷ್ ಚಿತ್ರಕಾರ ಟಿಲಿ ಕೆಟಲ್ ಬಂದಿಳಿದದ್ದು 1769ರಲ್ಲಿ. ತೈಲವರ್ಣ ಆಗಲೇ ಇಲ್ಲಿನ ಆಸ್ಥಾನಗಳಿಗೆ ಬರತೊಡಗಿತ್ತು. ರವಿವರ್ಮರು ಹುಟ್ಟಿದ್ದು 1848ರಲ್ಲಿ.

ಮೂರನೆಯದೂ ಅದೇ ಜಾತಿಯದು. 'ದೇವದೇವತೆಯರಿಗೆ ಮನುಷ್ಯರ ಮುಖ ಕೊಟ್ಟ ಮೊದಲಿಗ'. ನಮ್ಮ ದೇವಸ್ಥಾನದ ಶಿಲ್ಪಗಳಿಗೆ, ತಂಜಾವೂರು ಮತ್ತು ಮೈಸೂರು ಶೈಲಿಯ ಚಿತ್ರಗಳಿಗೆ ಮುಖ ಇರಲಿಲ್ಲವೇ? ಅಚ್ಚಿನ ಪಟದ ಮಾತಾದರೆ ಕಲ್ಕತ್ತಾ ಆರ್ಟ್ ಸ್ಟುಡಿಯೋ, ಪುಣೆಯ ಚಿತ್ರಶಾಳಾ ಪ್ರೆಸ್ ಎರಡೂ 1878ರಲ್ಲೇ ಶುರುವಾದವು. ರವಿವರ್ಮರ ಅಚ್ಚುಕೂಟ 1894ರದ್ದು. ಅವರು ಮಾಡಿದ ದೊಡ್ಡ ಕೆಲಸ ಬೇರೆ ಇದೆ, ಅದನ್ನು ಬರೆಯೋಣ. 'ಮೊದಲಿಗ' ಎಂಬ ಪದ ಕಂಡಲ್ಲೆಲ್ಲ ನಿಂತು ಒಮ್ಮೆ ಹಿಂದೆ ತಿರುಗಿ ನೋಡಬೇಕು.

ಅರಮನೆರಸ್ತೆ:

ಪೀಠಿಕೆಗೂ ಮೊದಲು ಒಂದು ಮಾತು ಹೇಳಲೇಬೇಕು. ಮಾಹಿತಿಚೌಕದ ಕೆಳಗೆ ದೊಡ್ಡದಾಗಿ ಹಾಕಿದ್ದೀರಲ್ಲ, ಕೈಯಲ್ಲಿ ದೀಪ ಹಿಡಿದ ಹೆಂಗಸು, 'ರವಿವರ್ಮರ ಜಗತ್ಪ್ರಸಿದ್ಧ ಕೃತಿ' ಎಂದು. ಅದು ರವಿವರ್ಮರದ್ದಲ್ಲ.

ನಾನು ಮೈಸೂರಿನವ. ಜಗನ್ಮೋಹನ ಅರಮನೆಗೆ ಮನೆಗೆ ಬಂದ ನೆಂಟರನ್ನೆಲ್ಲ ಕರೆದುಕೊಂಡು ಹೋಗಿದ್ದೇನೆ. ಆ ಚಿತ್ರ ಅಲ್ಲೇ ಇರುವುದು, ಅದನ್ನು ಕತ್ತಲ ಕೋಣೆಯಲ್ಲಿ ತೋರಿಸುತ್ತಾರೆ. ಬರೆದವರು ಸಾವಂತವಾಡಿಯ ಎಸ್. ಎಲ್. ಹಲ್ಡಂಕರ್. ತಮ್ಮ ಮಗಳನ್ನೇ ದೀಪ ಹಿಡಿಸಿ ನಿಲ್ಲಿಸಿಕೊಂಡು ಬರೆದದ್ದು, 1940ರ ದಶಕದಲ್ಲಿ. ರವಿವರ್ಮರು ತೀರಿಕೊಂಡದ್ದು 1906ರ ಅಕ್ಟೋಬರ್ 2ರಂದು. ನಡುವೆ ಸುಮಾರು ನಲವತ್ತು ವರ್ಷ ಇದೆ ಸಾರ್.

ಈ ತಪ್ಪಿಗೆ ಕಾರಣವೂ ಇದೆ. ಅದೇ ಕಟ್ಟಡದಲ್ಲಿ ರವಿವರ್ಮರ ನಿಜವಾದ ಚಿತ್ರಗಳೂ ಇವೆ. ಅವನ್ನು ನೋಡಿಕೊಂಡು ಬಂದವರು ಇದನ್ನೂ ಅವರ ಲೆಕ್ಕಕ್ಕೇ ಸೇರಿಸಿಬಿಡುತ್ತಾರೆ. ನಮ್ಮ ಮನೆಯಲ್ಲೂ ಹಾಗೇ ಹೇಳುತ್ತಿದ್ದರು, ನಾನೂ ತುಂಬ ದಿನ ನಂಬಿದ್ದೆ.

ಕಲ್ಲಚ್ಚು:

ಓದಿ ಕೈಕಾಲು ತಣ್ಣಗಾಯಿತು. ಮೂರು ಜಾಲತಾಣ, ಒಂದು ದಿನಪತ್ರಿಕೆಯ ಪುರವಣಿ, ಎಲ್ಲ ಕಡೆ ರವಿವರ್ಮ ಎಂದೇ ಇತ್ತು, ಆ ಧೈರ್ಯದಲ್ಲಿ ಹಾಕಿದೆ. ಈಗ ನೋಡಿದರೆ ಮೂರೂ ಜಾಲತಾಣದಲ್ಲಿ ಒಂದೇ ವಾಕ್ಯ, ಅಲ್ಪವಿರಾಮ ಕೂಡ ಬದಲಾಗಿಲ್ಲ. ಮೂರು ಮೂಲ ಎಂದುಕೊಂಡಿದ್ದೆ, ಇದ್ದದ್ದು ಒಂದೇ. ಚಿತ್ರ ತೆಗೆದಿದ್ದೇನೆ. ಅರಮನೆರಸ್ತೆ ಅವರಿಗೆ ಮನಸಾರೆ ವಂದನೆ.

ಅಡಿಟಿಪ್ಪಣಿ:

ತೆಗೆದದ್ದು ಇನ್ನೊಂದು ಕಾರಣಕ್ಕೂ ಒಳ್ಳೆಯದಾಯಿತು. ನಮ್ಮ ದೇಶದ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಕಲಾವಿದ ತೀರಿಕೊಂಡ ಮುಂದಿನ ವರ್ಷದ ಆರಂಭದಿಂದ 60 ವರ್ಷ ಹಕ್ಕು ಇರುತ್ತದೆ. ರವಿವರ್ಮರ ಚಿತ್ರಗಳು ಎಂದೋ ಸಾರ್ವಜನಿಕ ಸ್ವತ್ತಾಗಿವೆ, ಯಾರು ಬೇಕಾದರೂ ಬಳಸಬಹುದು. ಹಲ್ಡಂಕರ್ ತೀರಿಕೊಂಡದ್ದು 1968ರಲ್ಲಿ. ಲೆಕ್ಕ ಹಾಕಿದರೆ 2028ರ ಕೊನೆಯವರೆಗೂ ಹಕ್ಕು ಇದೆ. ಅಂದರೆ ಒಂದು ತಪ್ಪು ಹೆಸರು ಹಾಕಿದ್ದಕ್ಕೆ ಎರಡು ಅನ್ಯಾಯ ಆಗುತ್ತಿತ್ತು: ಬರೆದವರ ಹೆಸರೂ ಹೋಯಿತು, ಅವರ ಹಕ್ಕೂ ಹೋಯಿತು.

ಉಳಿದ ಹದಿಮೂರು ಚಿತ್ರಗಳಿಗೂ ಇದೇ ಪರೀಕ್ಷೆ ಆಗಲಿ. ಪ್ರತಿ ಚಿತ್ರದ ಕೆಳಗೆ ವರ್ಷ, ಮಾಧ್ಯಮ, ಈಗ ಎಲ್ಲಿದೆ, ಈ ಮೂರೂ ಬೇಕು. ಈಗ ಎಂಟರ ಕೆಳಗೆ ಬರೀ 'ರವಿವರ್ಮರ ಚಿತ್ರ' ಎಂದಿದೆ.

ಅಗಸೆಎಣ್ಣೆ:

ನಾನು ಚಿತ್ರ ಬರೆಯುವವಳು, ವಿಶ್ವಕೋಶದ ನಿಯಮಗಳು ಅಷ್ಟಾಗಿ ಗೊತ್ತಿಲ್ಲ. ದೀಪದ ಹೆಂಗಸಿನ ಬಗ್ಗೆ ಒಂದು ಮಾತು ಸೇರಿಸುತ್ತೇನೆ. ಅದು ಜಲವರ್ಣ, ಕಾಗದದ ಮೇಲೆ ಬರೆದದ್ದು. ಅಡ್ಡ ಹಿಡಿದ ಬೆರಳುಗಳ ಸಂದಿಯಿಂದ ಬೆಳಕು ಕೆಂಪಾಗಿ ಹೊಮ್ಮುತ್ತದಲ್ಲ, ಅಲ್ಲಿ ಬಣ್ಣವನ್ನು ತೆಳುವಾಗಿಟ್ಟು ಕಾಗದದ ಬಿಳುಪನ್ನೇ ಬೆಳಕಾಗಿ ಉಳಿಸಿಕೊಳ್ಳಬೇಕು. ಜಲವರ್ಣದಲ್ಲಿ ತಪ್ಪಾದರೆ ಮೇಲೆ ಬಳಿದು ಮುಚ್ಚುವುದು ಕಷ್ಟ. ರವಿವರ್ಮರ ಕೈ ಪಳಗಿದ್ದು ತೈಲವರ್ಣದಲ್ಲಿ. ಅಲ್ಲಿ ಕತ್ತಲೆಯಿಂದ ಬೆಳಕಿನ ಕಡೆಗೆ ಹೋಗಬಹುದು, ಒಣಗಿದ ಮೇಲೆ ಇನ್ನೊಂದು ಪದರ ಎಳೆಯಬಹುದು, ರೇಷ್ಮೆಯ ಹೊಳಪನ್ನು ಕೊನೆಗೆ ಇಡಬಹುದು. ಎರಡನ್ನೂ ಒಮ್ಮೆ ಅಕ್ಕಪಕ್ಕ ನೋಡಿದವರು ಗೊಂದಲ ಮಾಡಿಕೊಳ್ಳುವುದಿಲ್ಲ.

ಇಲ್ಲಿಂದಲೇ ನನ್ನ ದೂರು. ಲೇಖನದಲ್ಲಿ ರಾಜರಿದ್ದಾರೆ, ಪದಕಗಳಿವೆ, ಪ್ರಯಾಣ ಇದೆ, ಆದರೆ ಚಿತ್ರ ಬರೆಯುವುದು ಎಲ್ಲೂ ಇಲ್ಲ. ಕ್ರಿಕೆಟ್ ಆಟಗಾರನ ಜೀವನಚರಿತ್ರೆಯಲ್ಲಿ ಬ್ಯಾಟು ಹಿಡಿದದ್ದೇ ಇಲ್ಲದ ಹಾಗೆ. 1889ರ ಸಂಗೀತಗಾರ್ತಿಯರ ಚಿತ್ರವನ್ನೇ ತೆಗೆದುಕೊಳ್ಳಿ. ಬೇರೆ ಬೇರೆ ಪ್ರಾಂತದ ಹನ್ನೊಂದು ಹೆಂಗಸರು, ಒಬ್ಬೊಬ್ಬರದೂ ಒಂದೊಂದು ಉಡುಗೆ, ಒಂದೊಂದು ಒಡವೆ. ಬಟ್ಟೆ ಬಟ್ಟೆಗೂ ಕುಂಚದ ನಡೆ ಬೇರೆ. ಆದರೆ ಅವರಲ್ಲಿ ಯಾರೂ ಇನ್ನೊಬ್ಬರ ಮುಖ ನೋಡುತ್ತಿಲ್ಲ, ಒಬ್ಬೊಬ್ಬರೂ ತಮ್ಮದೇ ಯೋಚನೆಯಲ್ಲಿ ಕೂತಂತೆ. ನನಗೆ ಆ ಚಿತ್ರದ ಮುಂದೆ ನಿಂತಾಗ ಸಂಗೀತಕ್ಕಿಂತ ಮೌನವೇ ಹೆಚ್ಚು ಕೇಳಿಸಿತ್ತು. ಇದನ್ನು ಲೇಖನದಲ್ಲಿ ಹಾಕಿ ಎನ್ನುತ್ತಿಲ್ಲ, ಇದು ನನ್ನ ಅನಿಸಿಕೆ. ಆದರೆ ಅವರ ಕೈಕೆಲಸದ ಬಗ್ಗೆ ಕಲಾ ಇತಿಹಾಸಕಾರರು ಬರೆದದ್ದು ಬೇಕಾದಷ್ಟಿದೆ, ಅದಕ್ಕೊಂದು ಭಾಗ ಇರಲಿ.

ಮೊದಲಪುಟ:

ನಾನು ಹೊಸಬ. ತಪ್ಪು ಕೇಳಿದರೆ ಕ್ಷಮಿಸಿ. ಇಷ್ಟು ಜನ ದೀಪದ ಹೆಂಗಸನ್ನು ರವಿವರ್ಮರದ್ದು ಎಂದು ನಂಬಿದ್ದಾರೆ ಎಂದಮೇಲೆ, ಅದನ್ನು ಪೂರ್ತಿ ತೆಗೆದುಹಾಕುವುದು ಸರಿಯೇ? ನಾಳೆ ಇನ್ನೊಬ್ಬರು ಬಂದು 'ಪ್ರಸಿದ್ಧ ಚಿತ್ರವೇ ಬಿಟ್ಟುಹೋಗಿದೆ' ಎಂದು ಮತ್ತೆ ಸೇರಿಸುತ್ತಾರೆ.

ಅಡಿಟಿಪ್ಪಣಿ:

ಸರಿಯಾದ ಪ್ರಶ್ನೆ, ಕ್ಷಮೆ ಯಾಕೆ. ಚಿತ್ರ ಬೇಡ, ಒಂದು ವಾಕ್ಯ ಬೇಕು: ಈ ಕೃತಿಯನ್ನು ರವಿವರ್ಮರದ್ದೆಂದು ಹಲವರು ತಪ್ಪಾಗಿ ತಿಳಿದಿದ್ದಾರೆ, ಬರೆದವರು ಇಂಥವರು, ಇಂಥ ಕಾಲದಲ್ಲಿ. ಹಾಗೆಯೇ ಹಲ್ಡಂಕರ್ ಅವರಿಗೇ ಕನ್ನಡದಲ್ಲಿ ಒಂದು ಲೇಖನ ಇಲ್ಲ. ನೀವು ಹೊಸಬರು ಎಂದಿರಿ, ಅದನ್ನು ಶುರು ಮಾಡುತ್ತೀರಾ? ಹತ್ತು ಸಾಲಾದರೂ ಸಾಕು. ನಾನು ಜೊತೆಗಿರುತ್ತೇನೆ.

ಮೊದಲಪುಟ:

ಮಾಡುತ್ತೇನೆ.

ಚಂದ್ರಗಿರಿದಡ:

ಕಾಸರಗೋಡಿನವನು, ಎರಡೂ ಭಾಷೆ ಓದಿಕೊಂಡವನು. ಹೆಸರುಗಳ ಬಗ್ಗೆ ಹೇಳುತ್ತೇನೆ. ಲೇಖನದಲ್ಲಿ ಅವರ ಹುಟ್ಟೂರು 'ಕಿಲಿಮನೂರ್' ಎಂದಾಗಿದೆ. ಇಂಗ್ಲಿಷ್ ಕಾಗುಣಿತ ನೋಡಿ ಬರೆದದ್ದು ಅಂತ ಗೊತ್ತಾಗುತ್ತದೆ. ಮಲಯಾಳದಲ್ಲಿ ಅದು ಕಿಳಿಮಾನೂರ್. ಅವರಲ್ಲೂ ಳ ಇದೆ, ನಮ್ಮಲ್ಲೂ ಇದೆ, ನಡುವೆ ಇಂಗ್ಲಿಷಿನ ದಾರಿ ಹಿಡಿದು ಇದ್ದ ಅಕ್ಷರ ಕಳೆದುಕೊಳ್ಳುವುದು ಯಾಕೆ? ಹೆಂಡತಿಯ ಊರು ಮಾವೇಲಿಕ್ಕರ. ಮೇಲೆ 'ಹಲ್ಡಂಕರ್' ಎಂದು ಬರೆದಿದ್ದೀರಿ, ಮರಾಠಿಯಲ್ಲಿ ಅವರು ಸಾವಳಾರಾಮ ಲಕ್ಷ್ಮಣ ಹಳದಣಕರ. ಅಲ್ಲೂ ಳ.

ಇನ್ನು 'ರಾಜಾ'. ನೀವು 'ರಾಜಮನೆತನದಲ್ಲಿ ಹುಟ್ಟಿದ್ದರಿಂದ ರಾಜಾ ಎಂಬ ಬಿರುದು ಹುಟ್ಟಿನಿಂದಲೇ ಬಂತು' ಎಂದಿದ್ದೀರಿ. ಹಾಗಲ್ಲ. ಕಿಳಿಮಾನೂರು ಮನೆತನ ತಿರುವಾಂಕೂರು ಅರಸುಮನೆಗೆ ಸಂಬಂಧ ಬೆಳೆಸಿದ ಮನೆತನ, ಅಲ್ಲಿನ ಗಂಡಸರಿಗೆ ಕೋಯಿ ತಂಬುರಾನ್ ಎಂಬ ಹೆಸರು. ಅವರು ಯಾವ ಊರಿನ ಅರಸರೂ ಅಲ್ಲ. 1904ರಲ್ಲಿ ಕೈಸರ್-ಇ-ಹಿಂದ್ ಚಿನ್ನದ ಪದಕ ಕೊಟ್ಟಾಗ ಸರ್ಕಾರದ ಕಾಗದದಲ್ಲಿ ರಾಜಾ ರವಿವರ್ಮ ಎಂದು ಬಂತು. ತಿರುವಾಂಕೂರಿನ ಮೂಲಂ ತಿರುನಾಳ್ ಮಹಾರಾಜರು ಅದಕ್ಕೆ ಆಕ್ಷೇಪಣೆ ಎತ್ತಿದರು. ಆದರೂ ಹೆಸರು ಹಾಗೇ ಉಳಿಯಿತು. ಅಂದರೆ ನಾವು ಈಗ ಒಂದೇ ಉಸಿರಿಗೆ ಹೇಳುವ ಹೆಸರು ಅವರ ಬದುಕಿನ ಕೊನೆಯ ಎರಡು ವರ್ಷದ್ದು.

ಅಳಿಯಸಂತಾನ ಗೊತ್ತಿರುವ ನಮ್ಮ ಕರಾವಳಿಯವರಿಗೆ ಇನ್ನೊಂದು ಸಂಗತಿ ಬೇಗ ಅರ್ಥವಾಗುತ್ತದೆ, ಅದನ್ನು ಲೇಖನದಲ್ಲಿ ಬಿಡಿಸಿ ಹೇಳಬೇಕು. ಮೊದಲು ಕುಂಚ ಹಿಡಿಸಿದವರು ಸೋದರಮಾವ. ಅಪ್ಪನಿಗೆ ಚಿತ್ರಕಲೆಯ ಜೊತೆ ನಂಟು ಕಲ್ಪಿಸಲು ನೀವು ಪಟ್ಟ ಶ್ರಮ ಬೇಕಿರಲಿಲ್ಲ, ಅಲ್ಲಿ ಮನೆ ನಡೆಯುವುದು ತಾಯಿಯ ಕಡೆಯಿಂದ. ತಾಯಿ ಉಮಾಂಬಾಬಾಯಿ ಸ್ವತಃ ಕವಿ, 'ಪಾರ್ವತೀ ಸ್ವಯಂವರಂ' ಬರೆದವರು. ಅವರಿಗೆ ಲೇಖನದಲ್ಲಿ ಅರ್ಧ ಸಾಲು ಸಿಕ್ಕಿದೆ. ಮೊಮ್ಮಕ್ಕಳ ವಿಷಯವೂ ಹೀಗೇ. ಇಬ್ಬರು ಮೊಮ್ಮಗಳಂದಿರನ್ನು 1900ರಲ್ಲಿ ತಿರುವಾಂಕೂರು ಅರಮನೆಗೆ ದತ್ತು ತೆಗೆದುಕೊಂಡರು. ಅವರಲ್ಲಿ ಸೇತು ಲಕ್ಷ್ಮೀಬಾಯಿ 1924ರಿಂದ 1931ರವರೆಗೆ ರಾಜ್ಯವನ್ನೇ ಆಳಿದರು.

ಕಲ್ಲಚ್ಚು:

ತಾಯಿಯ ಬಗ್ಗೆ ಅರ್ಧ ಸಾಲು ಬರೆದದ್ದಕ್ಕೆ ನನಗೇ ನಾಚಿಕೆಯಾಯಿತು. ಇವತ್ತೇ ಬೆಳೆಸುತ್ತೇನೆ. ಊರ ಹೆಸರುಗಳನ್ನೆಲ್ಲ ತಿದ್ದಿದೆ. ಅಪ್ಪನ ಹೆಸರಿನ ಮೊದಲಿಗೆ ಬರುವ 'ಎಝುಮಾವಿಲ್' ಅನ್ನು ಏನು ಮಾಡಲಿ?

ಚಂದ್ರಗಿರಿದಡ:

ಅದು ಹಳಗನ್ನಡದ ೞ. ನಮ್ಮಲ್ಲಿ ಬಳಕೆ ತಪ್ಪಿ ಸಾವಿರ ವರ್ಷದ ಹತ್ತಿರ ಬಂತು, ಅವರಲ್ಲಿ ಇನ್ನೂ ನಾಲಿಗೆ ಮೇಲೆ ಇದೆ. 'ಎಳುಮಾವಿಲ್' ಎಂದು ಬರೆದು ಆವರಣದಲ್ಲಿ ಮಲಯಾಳ ಲಿಪಿ ಕೊಡಿ. ಝ ಮಾತ್ರ ಬೇಡ.

ಅಡಿಟಿಪ್ಪಣಿ:

ಹೆಸರಿನ ಮಾತು ಬಂದಾಗಲೇ ಜೆನ್ಸೆನ್ ವಿಷಯ ಮುಗಿಸೋಣ. ಒಂದು ಕಡೆ 'ಡಚ್ ಕಲಾವಿದ', ಇನ್ನೊಂದು ಕಡೆ 'ಬ್ರಿಟಿಷ್ ಕಲಾವಿದ' ಎಂದಿದೆ. ಥಿಯೊಡೋರ್ ಜೆನ್ಸೆನ್ ಡೆನ್ಮಾರ್ಕ್ ಮೂಲದವರು. ಡೇನಿಶ್ ಮತ್ತು ಡಚ್ ಬೆರೆತುಹೋಗಿ ನೂರಾರು ಪುಸ್ತಕಗಳಲ್ಲಿ ತಪ್ಪು ಓಡಾಡುತ್ತಿದೆ. ಮತ್ತೆ, 'ಜೆನ್ಸೆನ್‌ರ ಶಿಷ್ಯತ್ವ ವಹಿಸಿ' ಎಂಬ ಮಾತು ಬೇಡ. ಅವರೂ ಕಲಿಸಲು ಮನಸ್ಸು ಮಾಡಲಿಲ್ಲ. 1868ರಲ್ಲಿ ಅರಮನೆಗೆ ಬಂದು ಚಿತ್ರ ಬರೆಯುವಾಗ ನಿಂತು ನೋಡಲು ಬಿಟ್ಟರು, ಅಷ್ಟೆ. ಇಪ್ಪತ್ತರ ಹುಡುಗ ನೋಡಿ ನೋಡಿ ಕಲಿತ.

ಅರಮನೆರಸ್ತೆ:

'ಕಲಿತ' ಎಂದಿರಿ. ಲೇಖನದಲ್ಲಿ 'ಕಲಿತರು' ಎಂದಿದೆ. ಇದನ್ನೂ ತೀರ್ಮಾನ ಮಾಡಬೇಕಲ್ಲ? ರವಿವರ್ಮ 'ಬಂದರು', ಜೆನ್ಸೆನ್ 'ಬಂದ', ಹೆಂಡತಿ ಭಾಗೀರಥಿಬಾಯಿ 'ಬಂದಳು', ಮಹಾರಾಜರು 'ದಯಮಾಡಿಸಿದರು'. ಒಂದೇ ಪುಟದಲ್ಲಿ ನಾಲ್ಕು ಮರ್ಯಾದೆ.

ಅಡಿಟಿಪ್ಪಣಿ:

ನಾನು ಹೇಳಿದ್ದು ಮಾತಿನ ಓಘದಲ್ಲಿ. ಆದರೂ ನನ್ನ ಮತ ಏಕವಚನಕ್ಕೇ. ವಿಶ್ವಕೋಶ ಯಾರ ಮುಂದೆಯೂ ಕೈಕಟ್ಟಿ ನಿಲ್ಲಬಾರದು.

ಅಗಸೆಎಣ್ಣೆ:

ನನಗೆ ಒಪ್ಪಿಗೆಯಿಲ್ಲ. ಇಂಗ್ಲಿಷಿನಲ್ಲಿ ಈ ಆಯ್ಕೆಯೇ ಇಲ್ಲ, ಹಾಗಾಗಿ ಅವರಿಗೆ ತೊಂದರೆ ಇಲ್ಲ. ಕನ್ನಡದಲ್ಲಿ 'ರವಿವರ್ಮ ಸತ್ತ' ಎಂದು ಓದಿದರೆ ಕಿವಿಗೆ ಹೊಡೆದಂತಾಗುತ್ತದೆ. ಇಲ್ಲಿ ಏಕವಚನ ಬಳಸಿದರೆ ತಟಸ್ಥ ಆಗುವುದಿಲ್ಲ, ಒರಟಾಗುತ್ತದೆ. ಬಹುವಚನವನ್ನೇ ಇಡಿ, ಆದರೆ ಎಲ್ಲರಿಗೂ ಇಡಿ. ಜೆನ್ಸೆನ್‌ಗೂ, ಭಾಗೀರಥಿಬಾಯಿಗೂ, ಅಚ್ಚುಕೂಟದಲ್ಲಿ ಅಚ್ಚೊತ್ತುವ ಕಲ್ಲು ಉಜ್ಜಿದವರಿಗೂ. ಆಗ ತಟಸ್ಥ ತಾನಾಗಿ ಬರುತ್ತದೆ.

ಅಡಿಟಿಪ್ಪಣಿ:

ಕಲ್ಲು ಉಜ್ಜಿದವರಿಗೂ ಎಂದಿರಲ್ಲ, ಅದು ಮನಸ್ಸಿಗೆ ನಾಟಿತು. ನನ್ನ ಮತ ಹಿಂತೆಗೆದುಕೊಂಡೆ. ಎಲ್ಲರಿಗೂ ಬಹುವಚನ, 'ದಯಮಾಡಿಸಿದರು' ಯಾರಿಗೂ ಬೇಡ.

ಕಲ್ಲಚ್ಚು:

ಹಾಗೇ ತಿದ್ದುತ್ತಿದ್ದೇನೆ. ಈಗ ನನಗೆ ಅತಿ ಪ್ರಿಯವಾದ ಭಾಗಕ್ಕೆ ಬರೋಣ, ಅಚ್ಚುಕೂಟ. ಯಾರೂ ಏನೂ ಹೇಳಲಿಲ್ಲ, ಚೆನ್ನಾಗಿದೆ ಎಂದುಕೊಳ್ಳಲೇ?

ಅಡಿಟಿಪ್ಪಣಿ:

ಚೆನ್ನಾಗಿದೆ, ಅದಕ್ಕೇ ಕೊನೆಗೆ ಇಟ್ಟುಕೊಂಡಿದ್ದೆ. ಬವೇರಿಯಾದ ಸುಣ್ಣಕಲ್ಲು, ಒಂದೊಂದು ಬಣ್ಣಕ್ಕೆ ಒಂದೊಂದು ಕಲ್ಲು, ಎಲ್ಲವೂ ಒಂದೇ ಗುರುತಿಗೆ ಕೂರದಿದ್ದರೆ ದೇವಿಯ ತುಟಿಯ ಕೆಂಪು ಗಲ್ಲಕ್ಕೆ ಇಳಿಯುತ್ತಿತ್ತು ಎಂದು ಬರೆದದ್ದು, ಕೊನೆಗೆ ತೈಲಚಿತ್ರದ ಹೊಳಪು ಬರಲೆಂದು ವಾರ್ನಿಶ್ ಬಳಿಯುತ್ತಿದ್ದದ್ದು, ಇವೆಲ್ಲ ಓದುಗನಿಗೆ ಕಣ್ಣಿಗೆ ಕಟ್ಟುತ್ತವೆ. ಬೊಂಬಾಯಿಯಲ್ಲಿ ಪ್ಲೇಗ್ ಬಂದದ್ದು, 1899ರಲ್ಲಿ ಲೋಣಾವಳ ಹತ್ತಿರದ ಮಳವಲಿಗೆ ಅಚ್ಚುಕೂಟ ಹೋದದ್ದು, ಸಾಲ ಏರಿದ್ದು, ಜರ್ಮನ್ ತಂತ್ರಜ್ಞ ಫ್ರಿಟ್ಜ್ ಶ್ಲೈಷರ್‌ಗೆ ಮಾರಿದ್ದು, ಎಲ್ಲ ಸರಿಯಾಗಿ ಪೋಣಿಸಿದ್ದೀರಿ.

ತಕರಾರು ಒಂದೇ, ಆದರೆ ದೊಡ್ಡದು. ಮಾರಿದ ಮೇಲೆ ಕಥೆ ನಿಲ್ಲಿಸಿದ್ದೀರಿ. ಅಚ್ಚುಕೂಟ ನಿಲ್ಲಲಿಲ್ಲ. ಅದೇ ಹೆಸರಿನಲ್ಲಿ ದಶಕಗಳ ಕಾಲ ಪಟಗಳು ಬಂದವು. ಎಂ. ವಿ. ಧುರಂಧರ್ ಅವರಂಥ ಬೇರೆ ಕಲಾವಿದರ ಚಿತ್ರಗಳೂ ಅಲ್ಲಿ ಅಚ್ಚಾದವು. ಆದ್ದರಿಂದ ಪಟದ ಕೆಳಗೆ 'ರವಿವರ್ಮ ಪ್ರೆಸ್' ಎಂದಿದ್ದರೆ ಅದು ಅಚ್ಚುಕೂಟದ ಗುರುತು, ಕಲಾವಿದರ ಸಹಿಯಲ್ಲ. ನಿಮ್ಮ ಹದಿಮೂರು ಚಿತ್ರಗಳಲ್ಲಿ ನಾಲ್ಕು ಅಚ್ಚಿನ ಪಟಗಳು. ಅವುಗಳ ಮೂಲಚಿತ್ರ ಅವರದ್ದೇ ಎಂದು ತೋರಿಸುವ ಆಧಾರ ಎರಡಕ್ಕೆ ಮಾತ್ರ ಕೊಟ್ಟಿದ್ದೀರಿ.

ಕಲ್ಲಚ್ಚು:

ಉಳಿದ ಎರಡರಲ್ಲಿ ಒಂದು ನಮ್ಮ ಅಜ್ಜಿಯ ಲಕ್ಷ್ಮಿ. ನಾನೇ ಚೌಕಟ್ಟು ಬಿಚ್ಚಿ ಫೋಟೋ ತೆಗೆದು ಹಾಕಿದ್ದು.

ಅಡಿಟಿಪ್ಪಣಿ:

ಗೊತ್ತಾಗಿರಲಿಲ್ಲ. ಮನಸ್ಸಿಗೆ ನೋವಾಗಿದ್ದರೆ ಮನ್ನಿಸಿ.

ಅಗಸೆಎಣ್ಣೆ:

ಅದನ್ನು ತೆಗೆಯುವುದು ಯಾಕೆ? ರವಿವರ್ಮರ ಕೃತಿ ಎಂದು ಹಾಕಿದರೆ ತಪ್ಪು. ಅಚ್ಚುಕೂಟದ ಪಟ, ಮೇಲೆ ಜರಿ ಕೆಲಸ, ಮನೆಯ ಸಂಗ್ರಹ ಎಂದು ಹಾಕಿದರೆ ಅದಕ್ಕಿಂತ ಒಳ್ಳೆಯ ಸಾಕ್ಷಿ ಯಾವುದು? ಪಟ ಕೊಂಡವರು ಅದರ ಮೇಲೆ ಜರಿ, ಮಿಣುಕು, ಬಟ್ಟೆ ಅಂಟಿಸಿ ತಮ್ಮದಾಗಿ ಮಾಡಿಕೊಳ್ಳುತ್ತಿದ್ದರು. ಆ ಜರಿ ಅಂಟಿಸಿದ ಕೈ ರವಿವರ್ಮರದ್ದಲ್ಲ, ಧುರಂಧರ್ ಅವರದ್ದೂ ಅಲ್ಲ, ಯಾವುದೋ ಮನೆಯ ಹೆಂಗಸಿನದ್ದು. ಅಚ್ಚುಕೂಟದ ಭಾಗದಲ್ಲಿ ಅದು ಇರಲೇಬೇಕು. ಮೇಡಂ ಅಥವಾ ಸಾರ್, ಗೊತ್ತಿಲ್ಲ, ದಯವಿಟ್ಟು ತೆಗೆಯಬೇಡಿ.

ಅರಮನೆರಸ್ತೆ:

ನಾನೂ ಅದನ್ನೇ ಹೇಳುತ್ತೇನೆ. ಬೇರೆ ಹೆಸರು ಹಾಕಿ ಉಳಿಸಿ.

ಅಡಿಟಿಪ್ಪಣಿ:

ಒಪ್ಪಿದೆ. ಶೀರ್ಷಿಕೆಯಲ್ಲಿ ಕಲಾವಿದರ ಹೆಸರು ಇರಕೂಡದು, ಅಷ್ಟೆ.

ಕಲ್ಲಚ್ಚು:

ಹಾಕಿದೆ: 'ರವಿವರ್ಮ ಪ್ರೆಸ್ ಮುದ್ರಿಸಿದ ಲಕ್ಷ್ಮಿಯ ಪಟ, ಮೇಲೆ ಜರಿ ಅಂಟಿಸಿದ್ದು. ಖಾಸಗಿ ಸಂಗ್ರಹ.' ಜರಿ ಅಂಟಿಸಿದ್ದು ಅಜ್ಜಿಯ ಅತ್ತೆ ಎಂದು ಅಮ್ಮ ಈಗ ಹೇಳಿದರು. ಅದನ್ನು ಇಲ್ಲಿ ಮಾತ್ರ ಬರೆಯುತ್ತೇನೆ, ಲೇಖನದಲ್ಲಿ ಬರೆಯಲು ಆಧಾರ ಇಲ್ಲ.

ಚಂದ್ರಗಿರಿದಡ:

ಕೈಗಳ ಮಾತು ಬಂದದ್ದಕ್ಕೆ. ತಮ್ಮ ಸಿ. ರಾಜರಾಜವರ್ಮರು ಲೇಖನದಲ್ಲಿ ಎರಡೇ ಕಡೆ ಬರುತ್ತಾರೆ, ಒಮ್ಮೆ 'ಸಹಾಯಕ' ಎಂದು, ಇನ್ನೊಮ್ಮೆ 1905ರಲ್ಲಿ ತೀರಿಕೊಂಡರು ಎಂದು. ಇದು ನನಗೆ ಲೇಖನದ ಅತಿ ದೊಡ್ಡ ಕೊರತೆಯಾಗಿ ಕಾಣುತ್ತದೆ, ದೀಪದ ಚಿತ್ರಕ್ಕಿಂತ ದೊಡ್ಡದು. ಅಣ್ಣತಮ್ಮ ಇಬ್ಬರೂ ಒಟ್ಟಿಗೇ ದೇಶ ಸುತ್ತಿದರು, ಒಟ್ಟಿಗೇ ಚಿತ್ರ ಬರೆದರು. ನಿಸರ್ಗದೃಶ್ಯದಲ್ಲಿ ತಮ್ಮನ ಕೈ ಬಹಳ ನುರಿತದ್ದು, ಎಷ್ಟೋ ಪುರಾಣಚಿತ್ರಗಳ ಹಿನ್ನೆಲೆಯಲ್ಲಿ ಅದು ಇದೆ. ಲೆಕ್ಕಪತ್ರ, ಪತ್ರವ್ಯವಹಾರ ನೋಡಿಕೊಂಡವರೂ ಅವರೇ. 1895ರಿಂದ ಅವರು ಇಂಗ್ಲಿಷಿನಲ್ಲಿ ಇಟ್ಟ ದಿನಚರಿ ಇಲ್ಲದಿದ್ದರೆ ಅಣ್ಣನ ಕೊನೆಯ ಹತ್ತು ವರ್ಷದ ಬಗ್ಗೆ ನಮಗೆ ಇವತ್ತು ಗೊತ್ತಿರುವುದರಲ್ಲಿ ಅರ್ಧವೂ ಉಳಿಯುತ್ತಿರಲಿಲ್ಲ. ನಿಮ್ಮ ಅಚ್ಚುಕೂಟದ ಭಾಗದ ವಿವರಗಳೂ ಸುತ್ತಿಬಳಸಿ ಅಲ್ಲಿಂದಲೇ ಬಂದಿರುತ್ತವೆ. ಯಾರ ದಿನಚರಿ ಹಿಡಿದು ಲೇಖನ ಕಟ್ಟುತ್ತೇವೋ ಅವರಿಗೇ ಒಂದು ಭಾಗ ಇಲ್ಲದಿರುವುದು ಸರಿಯಲ್ಲ.

ಅರಮನೆರಸ್ತೆ:

ಇದು ಮೈಸೂರು ಭಾಗವನ್ನೂ ಬದಲಿಸುತ್ತದೆ. 1885ರಲ್ಲೇ ಚಾಮರಾಜೇಂದ್ರ ಒಡೆಯರು ಕರೆಸಿದ್ದರು, ಅದು ಲೇಖನದಲ್ಲಿದೆ. ನಾಲ್ವಡಿ ಕೃಷ್ಣರಾಜ ಒಡೆಯರು ಒಂಬತ್ತು ಪುರಾಣಚಿತ್ರ ಬರೆದುಕೊಡಲು ಕೇಳಿದ್ದು 1904ರಲ್ಲಿ. ಮರುವರ್ಷದ ಜನವರಿಯಲ್ಲಿ ತಮ್ಮ ತೀರಿಕೊಂಡರು. ಅಂದರೆ ನಮ್ಮ ಊರಿನ ಆ ಚಿತ್ರಗಳ ಕೆಲಸವನ್ನು ಅಣ್ಣ ಬಹುಪಾಲು ಒಬ್ಬರೇ ಕೂತು ಮುಗಿಸಿದ್ದು, ಮಧುಮೇಹದಿಂದ ಮೈ ಸೋತಿದ್ದಾಗ. ನಾನು ಇಷ್ಟು ಸಲ ನೋಡಿದ್ದೇನೆ, ಈ ತಾರೀಖುಗಳನ್ನು ಜೋಡಿಸಿ ನೋಡಿರಲಿಲ್ಲ. ಭಾನುವಾರ ಮತ್ತೆ ಹೋಗುತ್ತೇನೆ.

ಕಲ್ಲಚ್ಚು:

ತಮ್ಮನಿಗೆ ಪ್ರತ್ಯೇಕ ಭಾಗ ಬರೆಯುತ್ತೇನೆ. ಇದಕ್ಕೆ ಒಂದು ವಾರ ಬೇಕು. ಅಷ್ಟರಲ್ಲಿ ವಿಮರ್ಶೆಯ ಭಾಗ ನೋಡಿಬಿಡಿ.

ಅಡಿಟಿಪ್ಪಣಿ:

ಅದು ಈಗ ಬರೀ ಪ್ರಶಸ್ತಿ ಪಟ್ಟಿ. 1979ರಲ್ಲಿ ಅವರ ಕೃತಿಗಳನ್ನು ರಾಷ್ಟ್ರೀಯ ಕಲಾನಿಧಿ ಎಂದು ಸರ್ಕಾರ ಘೋಷಿಸಿತು, ದೇಶದ ಹೊರಗೆ ಸಾಗಿಸುವಂತಿಲ್ಲ. ಬುಧಗ್ರಹದ ಒಂದು ಕುಳಿಗೆ 2013ರಲ್ಲಿ ವರ್ಮ ಎಂದು ಹೆಸರಿಟ್ಟರು. ಇವು ಇರಲಿ. ಬೈದವರು ಎಲ್ಲಿ? ಕಲಾ ಇತಿಹಾಸಕಾರ ಆನಂದ ಕುಮಾರಸ್ವಾಮಿ ಈ ಚಿತ್ರಗಳಲ್ಲಿ ನಾಟಕದ ಭಂಗಿ ಇದೆ, ಕಲ್ಪನೆ ಇಲ್ಲ ಎಂಬ ಅರ್ಥದಲ್ಲಿ ಬರೆದರು. ನೆಲದಲ್ಲಿ ಒರಗಿ ಪತ್ರ ಬರೆಯುವ ಶಕುಂತಲೆಯ ಭಂಗಿಯೇ ಸಿಸ್ಟರ್ ನಿವೇದಿತಾಗೆ ಹಿಡಿಸಲಿಲ್ಲ. ಅದೇ ವಿಷಯದ ಚಿತ್ರವನ್ನು ಇಂಗ್ಲೆಂಡಿನ ಸಂಸ್ಕೃತ ವಿದ್ವಾಂಸ ಮೋನಿಯರ್ ವಿಲಿಯಮ್ಸ್ ತಮ್ಮ ಶಾಕುಂತಲ ಅನುವಾದದ ಮುಖಚಿತ್ರವಾಗಿ ಬಳಸಿಕೊಂಡಿದ್ದರು. ಎರಡನ್ನೂ ಅಕ್ಕಪಕ್ಕ ಇಟ್ಟರೆ ಆ ಕಾಲದ ಜಗಳ ಓದುಗನಿಗೆ ತಾನಾಗಿ ಕಾಣುತ್ತದೆ. ನಾವು ತೀರ್ಪು ಕೊಡಬೇಕಾಗಿಲ್ಲ.

ಅಗಸೆಎಣ್ಣೆ:

ಆ ಜಗಳ ನಮ್ಮ ನಾಡಿಗೂ ಬಂದಿತ್ತು. ಮೈಸೂರಿನ ಆಸ್ಥಾನ ಕಲ್ಕತ್ತೆಗೆ ಕಳಿಸಿದ ಕಲಾವಿದ ಕೆ. ವೆಂಕಟಪ್ಪ, ಯುರೋಪಿನ ಕ್ರಮ ಬಿಟ್ಟು ಭಾರತೀಯ ಶೈಲಿ ಹುಡುಕಿದ ಅವನೀಂದ್ರನಾಥ ಟಾಗೋರರ ಶಿಷ್ಯರಾದರು. ಒಂದೇ ಆಸ್ಥಾನ, ಒಂದೇ ಕಾಲ, ಎರಡು ದಾರಿ. ಒಂದು ವಾಕ್ಯ ಇದ್ದರೆ ಕನ್ನಡದ ಓದುಗರಿಗೆ ಹತ್ತಿರವಾಗುತ್ತದೆ. ಮತ್ತೆ 1993ರಲ್ಲಿ ದೆಹಲಿಯ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿ ದೊಡ್ಡ ಪ್ರದರ್ಶನ ನಡೆದ ಮೇಲೆ ಮಾತು ಮತ್ತೆ ಹೇಗೆ ತಿರುಗಿತು ಎಂಬುದನ್ನೂ ಸೇರಿಸಿ.

ಮೊದಲಪುಟ:

ಒಂದು ಸಂದೇಹ. 'ವೈಯಕ್ತಿಕ ಜೀವನ'ದಲ್ಲಿ ರೂಪದರ್ಶಿಯೊಬ್ಬಳ ಜೊತೆಗಿನ ಪ್ರೇಮಕಥೆ ಇದೆ. ಅದಕ್ಕೆ ಕೊಟ್ಟ ಆಧಾರದ ಕೊಂಡಿ ಒತ್ತಿದರೆ ಒಂದು ಸಿನಿಮಾ ವಿಮರ್ಶೆಗೆ ಹೋಗುತ್ತದೆ.

ಅಡಿಟಿಪ್ಪಣಿ:

ನಾನು ಎರಡು ಸಲ ಓದಿಯೂ ತಪ್ಪಿಸಿಕೊಂಡಿದ್ದೆ! ಸಿನಿಮಾಕ್ಕೆ ಕಥೆ ಕಟ್ಟುವ ಹಕ್ಕಿದೆ, ನಮಗಿಲ್ಲ. ಪೂರ್ತಿ ಪ್ಯಾರಾ ಹೋಗಲಿ.

ಕಲ್ಲಚ್ಚು:

ತೆಗೆದೆ. ನಿಮ್ಮ ಹಳದಣಕರ ಲೇಖನ ಎಲ್ಲಿಗೆ ಬಂತು?

ಮೊದಲಪುಟ:

ಹದಿನಾರು ಸಾಲಾಗಿದೆ. ಬಾಂಬೆಯ ಜೆ. ಜೆ. ಕಲಾಶಾಲೆಯ ಭಾಗ ಬರೆಯುತ್ತಿದ್ದೇನೆ. ಚಿತ್ರ ಹಾಕಿಲ್ಲ.

ಕಲ್ಲಚ್ಚು:

ಎಲ್ಲರಿಗೂ ಮತ್ತೆ ನಮಸ್ಕಾರ. ಹೇಳಿದ್ದು ಒಂದು ವಾರ, ಆದದ್ದು ಹನ್ನೆರಡು ದಿನ. ತಮ್ಮನ ಭಾಗ, ತಾಯಿಯ ಪ್ಯಾರಾ, 'ಚಿತ್ರ ಬರೆಯುವ ಬಗೆ', ವಿಮರ್ಶೆ ಎಲ್ಲ ಹೊಸದು. ಪೀಠಿಕೆ ಹೀಗೆ ಮಾಡಿದ್ದೇನೆ, ನೋಡಿ:

'ರವಿವರ್ಮ (29 ಏಪ್ರಿಲ್ 1848 – 2 ಅಕ್ಟೋಬರ್ 1906) ತಿರುವಾಂಕೂರಿನ ಕಿಳಿಮಾನೂರಿನಲ್ಲಿ ಹುಟ್ಟಿದ ಚಿತ್ರಕಲಾವಿದರು. 1904ರಿಂದ ರಾಜಾ ರವಿವರ್ಮ ಎಂಬ ಹೆಸರಿನಿಂದ ಪರಿಚಿತರು. ಯುರೋಪಿನ ತೈಲವರ್ಣ ಕ್ರಮದಲ್ಲಿ ಭಾವಚಿತ್ರಗಳನ್ನೂ ಪುರಾಣದ ಸನ್ನಿವೇಶಗಳನ್ನೂ ಬರೆದು ತಿರುವಾಂಕೂರು, ಬರೋಡಾ, ಮೈಸೂರು ಆಸ್ಥಾನಗಳಿಗೆ ಕೊಟ್ಟರು. 1894ರಲ್ಲಿ ಬೊಂಬಾಯಿಯಲ್ಲಿ ಆರಂಭಿಸಿದ ಅಚ್ಚುಕೂಟದಿಂದ ಅವರ ಚಿತ್ರಗಳ ಅಚ್ಚುಪ್ರತಿಗಳು ಮನೆಮನೆಗೆ ತಲುಪಿದವು. ಅಚ್ಚುಕೂಟ ಮಾರಾಟವಾದ ಮೇಲೂ ಅದೇ ಹೆಸರಿನಲ್ಲಿ ಬೇರೆ ಕಲಾವಿದರ ಪಟಗಳು ಬಂದದ್ದರಿಂದ, ರವಿವರ್ಮರ ಹೆಸರಿನಲ್ಲಿ ಪ್ರಚಲಿತವಿರುವ ಎಲ್ಲ ಚಿತ್ರಗಳೂ ಅವರವಲ್ಲ.'

ಅಗಸೆಎಣ್ಣೆ:

ಓದಿ ಸಂತೋಷವಾಯಿತು. ಒಂದೂ ವಿಶೇಷಣ ಇಲ್ಲ, ಆದರೂ ಮನುಷ್ಯ ಕಾಣುತ್ತಾರೆ.

ಚಂದ್ರಗಿರಿದಡ:

ಮೂರನೇ ವಾಕ್ಯದಲ್ಲಿ 'ತಮ್ಮ ಸಿ. ರಾಜರಾಜವರ್ಮರೊಂದಿಗೆ' ಎಂದು ಸೇರಿಸಿ. ತಮ್ಮನ ಭಾಗ ಕೆಳಗಿದೆ ನಿಜ, ಆದರೆ ಪೀಠಿಕೆ ಮಾತ್ರ ಓದಿ ಹೋಗುವವರೇ ಹೆಚ್ಚು.

ಅಡಿಟಿಪ್ಪಣಿ:

ಸೇರಬೇಕು. ಆದರೆ ಎಲ್ಲ ಚಿತ್ರಕ್ಕೂ ಅನ್ವಯಿಸುವ ಹಾಗೆ ಬೇಡ, 'ಹಲವು ಚಿತ್ರಗಳಲ್ಲಿ' ಎಂದಿರಲಿ. ಮೈಸೂರಿನವನ್ನು ನೆನೆಸಿಕೊಳ್ಳಿ.

ಕಲ್ಲಚ್ಚು:

'ಹಲವು ಚಿತ್ರಗಳಲ್ಲಿ ತಮ್ಮ ಸಿ. ರಾಜರಾಜವರ್ಮರೂ ಜೊತೆಗೂಡಿದ್ದರು.' ಸೇರಿಸಿದೆ. ಅರಮನೆರಸ್ತೆ ಅವರೇ, ಭಾನುವಾರ ಹೋಗಿದ್ದಿರಾ?

ಅರಮನೆರಸ್ತೆ:

ಹೋಗಿದ್ದೆ. ಮೈಸೂರು ಭಾಗದ ಶೀರ್ಷಿಕೆಗಳಲ್ಲಿ ಎರಡು ಕಾಗುಣಿತ ತಪ್ಪು ಸಿಕ್ಕವು, ನಾನೇ ತಿದ್ದಿದ್ದೇನೆ.